ಬಾಟಲಿ ಹಿಂದಿನ ಚೀಟಿ

ಮಾಸ್ಕೋದಲ್ಲಿ ಡಿಸೆಂಬರ್ 31ರ ರಾತ್ರಿ ಹನ್ನೆರಡಾಗುವ ಸ್ವಲ್ಪ ಮೊದಲು ಎಲ್ಲರ ಮನೆಯಲ್ಲೂ ಒಂದೇ ಗಡಿಬಿಡಿ. ಟೀವಿಯಲ್ಲಿ ಅಧ್ಯಕ್ಷರ ಭಾಷಣ. ಯಾರೋ ಒಬ್ಬರು ಬಾಟಲಿಯ ತಂತಿ ಬಿಚ್ಚುತ್ತಿರುತ್ತಾರೆ. ಕ್ರೆಮ್ಲಿನ್ ಗಡಿಯಾರ ಹನ್ನೆರಡು ಹೊಡೆದು ಮುಗಿಸುವುದರೊಳಗೆ ಚೀಟಿಯಲ್ಲಿ ಆಸೆ ಬರೆದು, ಸುಟ್ಟು, ಬೂದಿಯನ್ನು ಲೋಟಕ್ಕೆ ಹಾಕಿ ಕುಡಿದುಬಿಡಬೇಕು. ಮೊದಲ ವರ್ಷ ನಾನು ಕನ್ನಡದಲ್ಲಿ ಉದ್ದಕ್ಕೆ ಬರೆಯುತ್ತಾ ಕೂತೆ. ಎಂಟನೇ ಹೊಡೆತ ಬಿದ್ದರೂ ಚೀಟಿ ಇನ್ನೂ ಉರಿಯುತ್ತಿತ್ತು. ಪಕ್ಕದ ಮನೆಯ ಅಜ್ಜಿ ಬೆರಳಿನಿಂದಲೇ ನಂದಿಸಿ ಲೋಟಕ್ಕೆ ತಳ್ಳಿದರು.

ಆ ಲೋಟದಲ್ಲಿದ್ದ ನೊರೆ ವೈನಿಗೆ ಇಲ್ಲಿನವರು ಹೇಳುವುದು ಶಂಪಾನ್ಸ್ಕೊಯೆ. ಬಾಟಲಿ ರಷ್ಯಾದ್ದೇ. ಆದರೆ ಪದದ ಅರ್ಥ ನೋಡಿದರೆ ‘ಶಾಂಪೇನಿನದು’ ಅಂತ, ಅಂದರೆ ಫ್ರಾನ್ಸಿನ ಶಾಂಪೇನ್ ಸೀಮೆಯದು. ನಮ್ಮಲ್ಲಿ ಅಮ್ಮ ‘ಸಾರಿಗೆ ನಾಲ್ಕು ಬ್ಯಾಡಗಿ ಹಾಕು’ ಅಂದರೆ ಯಾರೂ ಊರು ಹುಡುಕುವುದಿಲ್ಲ, ಮೆಣಸಿನಕಾಯಿ ಡಬ್ಬಿಗೆ ಕೈ ಹಾಕುತ್ತೇವೆ, ಅಲ್ವಾ? ಇಲ್ಲೂ ಹಾಗೇ. ಊರಿನ ಹೆಸರು ಬಾಯಲ್ಲಿ ಸವೆದು ಸವೆದು ಪದಾರ್ಥದ ಹೆಸರಾಗಿದೆ.

ಇದು ನಿನ್ನೆ ಮೊನ್ನೆ ಎತ್ತಿಕೊಂಡ ಹೆಸರೂ ಅಲ್ಲ. ಕಪ್ಪು ಸಮುದ್ರದ ಹತ್ತಿರ ಅಬ್ರಾವ್-ದ್ಯುರ್ಸೊ ಎಸ್ಟೇಟ್ ಶುರುವಾದದ್ದು 1870ರಲ್ಲಿ, ಝಾರ್ ಎರಡನೇ ಅಲೆಕ್ಸಾಂಡರ್ ಆಜ್ಞೆಯಿಂದ. ಲೆವ್ ಗೊಲಿತ್ಸಿನ್ ಎಂಬ ಕುಲೀನ ಮನೆತನದವನು ಕ್ರೈಮಿಯಾದಲ್ಲಿ ಮಾಡಿದ ನೊರೆ ವೈನ್ 1900ರ ಪ್ಯಾರಿಸ್ ವಸ್ತುಪ್ರದರ್ಶನದಲ್ಲಿ ದೊಡ್ಡ ಬಹುಮಾನ ಹೊಡೆದಿತ್ತು. ಆಮೇಲೆ ಸ್ಟಾಲಿನ್ ಕಾಲ. ‘ಸೋವಿಯತ್ ಶಾಂಪೇನ್’ ರಾಶಿ ರಾಶಿ ತಯಾರಾಗಬೇಕು ಅಂತ 1936ರಲ್ಲಿ ಸರ್ಕಾರ ಠರಾವು ಹೊರಡಿಸಿತು. ಕಾರ್ಖಾನೆ ಕೆಲಸಗಾರನ ಮೇಜಿಗೂ ಅದು ಬರಬೇಕು ಎಂಬ ಹಟ. ಫ್ರೆಂಚರ ಪದ್ಧತಿಯಲ್ಲಿ ವೈನು ಬಾಟಲಿಯೊಳಗೇ ಎರಡನೇ ಸಲ ಹುದುಗಬೇಕು. ಮಾರಾಟಕ್ಕೆ ಬರುವ ಮೊದಲು ಕಡಿಮೆಯೆಂದರೂ 15 ತಿಂಗಳು ನೆಲಮಾಳಿಗೆಯಲ್ಲಿ ಮಲಗಿರಬೇಕು. ಅಷ್ಟು ಪುರಸೊತ್ತು ಯಾರಿಗಿದೆ? ಆಂಟನ್ ಫ್ರೊಲೊವ್-ಬಗ್ರೆಯೆವ್ ಎಂಬ ವಿಜ್ಞಾನಿ ಆ ಹುದುಗುವ ಕೆಲಸವನ್ನು ದೊಡ್ಡ ಟ್ಯಾಂಕಿನೊಳಗೆ ಮಾಡಿ ತೋರಿಸಿದರು. ತಿಂಗಳೊಪ್ಪತ್ತಿನಲ್ಲಿ ಮಾಲು ರೆಡಿ. 1942ರಲ್ಲಿ ಅವರಿಗೆ ಸ್ಟಾಲಿನ್ ಬಹುಮಾನವೂ ಬಂತು. ಪಕ್ಕದ ಮನೆಯ ಅಜ್ಜಿಗೆ ಇಷ್ಟ ಅದರಲ್ಲಿ ಅರೆ ಸಿಹಿಯದ್ದು. ನನಗಂತೂ ದ್ರಾಕ್ಷಿ ಶರಬತ್ತಿಗೆ ಸೋಡಾ ಬೆರೆಸಿದ ಹಾಗನಿಸುತ್ತದೆ. ಅದನ್ನು ಅವರ ಎದುರು ಹೇಳಿಲ್ಲ.

ಇಲ್ಲಿಯವರೆಗೆ ನನ್ನ ತಕರಾರಿಲ್ಲ. ತಕರಾರಿರುವುದು 2021ರ ಜುಲೈನಲ್ಲಿ ಪುಟಿನ್ ಸಹಿ ಹಾಕಿದ ಕಾನೂನಿನ ಬಗ್ಗೆ. ಅದರ ಪ್ರಕಾರ ಶಂಪಾನ್ಸ್ಕೊಯೆ ಎಂದು ರಷ್ಯನ್ ಅಕ್ಷರದಲ್ಲಿ ಬರೆದುಕೊಳ್ಳುವ ಹಕ್ಕು ರಷ್ಯಾದ ವೈನಿಗೆ ಮಾತ್ರ. ಫ್ರಾನ್ಸಿನಿಂದ ಬಂದದ್ದು ಬಾಟಲಿಯ ಮುಂಭಾಗದಲ್ಲಿ ತನ್ನ ಲಿಪಿಯಲ್ಲಿ ಶಾಂಪೇನ್ ಅಂತ ಇಟ್ಟುಕೊಳ್ಳಬಹುದು. ಹಿಂದಿನ ಚೀಟಿಯಲ್ಲಿ ಮಾತ್ರ ‘ಇಗ್ರಿಸ್ತೊಯೆ ವಿನೊ’ ಎನ್ನಬೇಕು, ಅಂದರೆ ಬರೀ ನೊರೆ ವೈನ್. ಆ ಪದ ಹುಟ್ಟಿದ್ದು ‘ಆಡು’ ಎಂಬ ಧಾತುವಿನಿಂದ. ಆಡುವ ವೈನ್. ಪದ ಚೆಂದವೇ, ಆದರೆ ಅಂಟಿಸಿದ ಜಾಗ ಸರಿಯಿಲ್ಲ. ಮನೆ ಯಜಮಾನನಿಗೇ ‘ನೀನು ಹಿಂದಿನ ಬಾಗಿಲಿನಿಂದ ಬಾ, ಹೆಸರು ಬದಲಿಸಿಕೊಂಡು ಬಾ’ ಅಂದ ಹಾಗಾಯಿತು. ಶಾಂಪೇನ್ ಮಾರುವ ಫ್ರಾನ್ಸಿನ ಮೊಯೆತ್ ಹೆನೆಸಿ ಕಂಪನಿ ಮೊದಲು ಸರಕು ನಿಲ್ಲಿಸಿತು. ಎರಡು ದಿನ ಕಳೆಯುವುದರೊಳಗೆ ಚೀಟಿ ಅಂಟಿಸಲು ಒಪ್ಪಿತು. ಶಾಂಪೇನ್ ಬೆಳೆಗಾರರ ಸಂಘ ಸ್ವಲ್ಪ ಬಿಗಿಯಾಗಿ ನಿಂತಿತು, ಸೆಪ್ಟೆಂಬರ್‌ನಲ್ಲಿ ಅದೂ ಸಡಿಲವಾಯಿತು. ವ್ಯಾಪಾರ ಅಲ್ವಾ. ತಮಾಷೆ ಎಂದರೆ, ನಿಜವಾದ ಶಾಂಪೇನ್ ಫ್ರಾನ್ಸಿನದೇ ಅಂತ ಅಬ್ರಾವ್-ದ್ಯುರ್ಸೊದ ಮುಖ್ಯಸ್ಥರೇ ಆಗ ಹೇಳಿದ್ದರು.

ಹಾಗಂತ ಫ್ರೆಂಚರು ಪಾಪದವರು ಅಂದುಕೊಳ್ಳಬೇಡಿ. 1993ರಲ್ಲಿ ಈವ್ ಸೇಂಟ್ ಲಾರೆಂಟ್ ಎಂಬ ಫ್ಯಾಷನ್ ಕಂಪನಿ ಒಂದು ಸೆಂಟಿಗೆ ಶಾಂಪೇನ್ ಎಂದು ಹೆಸರಿಟ್ಟಾಗ ಕೋರ್ಟಿಗೆ ಎಳೆದು ಆ ಹೆಸರು ಕೀಳಿಸಿದರು. ಅದು ಬಿಡಿ, ಸೆಂಟು ತಾನೇ. ಸ್ವಿಟ್ಜರ್ಲೆಂಡಿನಲ್ಲಿ ಶಾಂಪೇನ್ ಎಂಬ ಪುಟ್ಟ ಹಳ್ಳಿಯೇ ಇದೆ. ಅಲ್ಲಿನವರು ನೊರೆಯಿಲ್ಲದ ಬಿಳಿ ವೈನ್ ಮಾಡಿ ತಮ್ಮ ಊರಿನ ಹೆಸರಲ್ಲೇ ಮಾರುತ್ತಿದ್ದರು. ಯುರೋಪಿಯನ್ ಒಕ್ಕೂಟದ ಜೊತೆಗಿನ ಒಪ್ಪಂದದಿಂದಾಗಿ 2004ರಿಂದ ಅದೂ ನಿಂತಿತು. ತಮ್ಮೂರಿನ ಹೆಸರನ್ನೇ ತಮ್ಮ ಬಾಟಲಿ ಮೇಲೆ ಬರೆಯುವಂತಿಲ್ಲ! ಹೆಸರು ಕಾಯುವುದು ಬೇರೆ, ಹೆಸರಿನ ಮೇಲೆ ಹಾವಿನ ಹಾಗೆ ಸುತ್ತಿ ಕೂರುವುದು ಬೇರೆ.

ಇನ್ನು ನಾವು. ಬ್ಯಾಡಗಿ ಮೆಣಸಿನಕಾಯಿಗೆ 2011ರಲ್ಲಿ ಜಿಐ ಟ್ಯಾಗ್, ಅಂದರೆ ಊರಿನ ಹೆಸರಿಗೆ ಕಾನೂನಿನ ರಕ್ಷಣೆ, ಸಿಕ್ಕಿತು. ಪತ್ರಿಕೆಗಳಲ್ಲಿ ಬಂತು, ಖುಷಿಪಟ್ಟೆವು, ಮರೆತೆವು. ಇಲ್ಲಿನ ಒಂದು ಭಾರತೀಯ ಅಂಗಡಿಯಲ್ಲಿ ‘ಬ್ಯಾಡಗಿ’ ಎಂದು ಬರೆದ ಪೊಟ್ಟಣ ಕಂಡು ಆಸೆಯಿಂದ ತಂದೆ. ಬಿಚ್ಚಿ ನೋಡಿದರೆ ಕಾಯಿ ನುಣ್ಣಗೆ, ಗಟ್ಟಿ, ಹೊಳೆಯುತ್ತಿತ್ತು. ಬ್ಯಾಡಗಿಯ ಸುಕ್ಕು ಎಲ್ಲೂ ಇಲ್ಲ. ಹುರಿಯುವಾಗಲೇ ಅಡುಗೆಮನೆ ತುಂಬಾ ಘಾಟು. ಸಾರು ಕೆಂಪಾಗಲಿಲ್ಲ, ಖಾರ ಮಾತ್ರ ಕಿವಿಯಲ್ಲಿ ಹೊಗೆ ಬರುವಷ್ಟು. ಅಂಗಡಿಯವನನ್ನು ಕೇಳಿದರೆ ‘ಎಲ್ಲಾ ಒಂದೇ ಸಾರ್’ ಅಂದ. ಫ್ರೆಂಚನಾಗಿದ್ದರೆ ವಕೀಲರಿಗೆ ಫೋನ್ ಮಾಡುತ್ತಿದ್ದ. ನಾನು ಮೊಸರು ಹಾಕಿಕೊಂಡು ಊಟ ಮುಗಿಸಿದೆ. ಊರಿನ ಗೆಳೆಯರಿಗೆ ಹೇಳಿದರೆ ‘ಬಿಡು ಮಾರಾಯ’ ಅಂತ ನಕ್ಕರು. ನನಗೆ ನಿಜಕ್ಕೂ ಸಿಟ್ಟು ಬಂದದ್ದು ಆ ನಗುವಿಗೆ. ಹಾವೇರಿ ಕಡೆಯ ರೈತ ಕಡಿಮೆ ಖಾರ, ಜಾಸ್ತಿ ಬಣ್ಣದ ಕಾಯಿಯನ್ನು ತಲೆಮಾರುಗಳಿಂದ ಉಳಿಸಿಕೊಂಡು ಬಂದಿದ್ದಾನೆ. ಅವನ ಹೆಸರಲ್ಲಿ ಯಾರೋ ಏನೋ ಮಾರಿದರೆ ನಾವು ಬಿಡು ಅನ್ನುತ್ತೇವೆ.

ಹೋದ ಸಲ ಊರಿನಿಂದ ಬರುವಾಗ ಅಸಲಿ ಬ್ಯಾಡಗಿ ಒಂದು ಕಿಲೋ ತಂದೆ. ಪಕ್ಕದ ಮನೆಯ ಅಜ್ಜಿಗೂ ಒಂದು ಹಿಡಿ ಕೊಟ್ಟೆ, ಹೆಸರು ಹೇಳಿಕೊಟ್ಟೆ. ಬೋರ್ಷ್ ಎಂಬ ಬೀಟ್‌ರೂಟ್ ಸೂಪಿಗೆ ಹಾಕಿದರೆ ಬಣ್ಣ ಚೆನ್ನಾಗಿ ಬರುತ್ತದೆ ಅಂತ ಅವರಿಗೆ ಭಾರೀ ಖುಷಿ. ಮೊನ್ನೆ ಮೆಟ್ಟಿಲ ಹತ್ತಿರ ತಡೆದು ನಿಲ್ಲಿಸಿ ಚೀಲ ತೆರೆದು ತೋರಿಸಿದರು. ಇಲ್ಲಿನ ಸಂತೆಯಲ್ಲಿ ಕೊಂಡ ಉಜ್ಬೆಕ್ ಮೆಣಸಿನಕಾಯಿ, ನುಣ್ಣಗೆ ಹೊಳೆಯುತ್ತಿತ್ತು. ‘ನೋಡು, ನಮ್ಮಲ್ಲೂ ಬ್ಯಾಡ್ಗಿ ಸಿಗುತ್ತದೆ’ ಅಂದರು. ನಾನು ಸುಮ್ನೆ ತಲೆ ಆಡಿಸಿದೆ.