ಅಜ್ಜಿಯ ಫೋಟೋದ ಹಿಂದಿನ ಪರದೆ

ಮದುವೆಯಾದ ಹೊಸತರಲ್ಲಿ ಅಜ್ಜಿ ಸ್ಟುಡಿಯೋಗೆ ಹೋಗಿ ತೆಗೆಸಿಕೊಂಡ ಒಂದು ಫೋಟೋ ನಮ್ಮ ಮನೆಯಲ್ಲಿದೆ. ಹಿಂದೆ ಅರಮನೆಯ ಕಂಬ, ಮೆಟ್ಟಿಲು. ಪಕ್ಕದಲ್ಲಿ ಎತ್ತರದ ಸ್ಟೂಲಿನ ಮೇಲೆ ಹೂವಿನ ಕುಂಡ. ಚಿಕ್ಕಂದಿನಿಂದ ನೋಡಿದ್ದೇ, ಆದರೆ ನೋಡಿದ್ದು ಅಜ್ಜಿಯ ಮುಖ ಮಾತ್ರ. ಕಲಾವಿದೆ ಪುಷ್ಪಮಾಲಾ ಎನ್. ಅವರ ಫೋಟೋಗಳನ್ನು ನೋಡಿ ಬಂದ ದಿನ ಕಣ್ಣು ಸೀದಾ ಕೆಳಗಿನ ಮೂಲೆಗೆ ಹೋಯಿತು. ಅರಮನೆಯ ಮೆಟ್ಟಿಲು ಅಲ್ಲಿ ಸುಕ್ಕುಗಟ್ಟಿತ್ತು. ಬಟ್ಟೆಯ ಪರದೆ ಅಲ್ವಾ!

ಪುಷ್ಪಮಾಲಾ ಬೆಂಗಳೂರಿನವರು, ಹುಟ್ಟಿದ್ದು 1956ರಲ್ಲಿ. ಬರೋಡಾದಲ್ಲಿ ಶಿಲ್ಪಕಲೆ ಕಲಿತು, ಶಿಲ್ಪಿಯಾಗಿ ಹೆಸರು ಮಾಡಿದ ಮೇಲೆ, 90ರ ದಶಕದಲ್ಲಿ ತಾವೇ ವೇಷ ಹಾಕಿ ಕ್ಯಾಮೆರಾ ಮುಂದೆ ನಿಂತರು. ಆಮೇಲೆ ವಿಡಿಯೋ ಕೂಡ ಮಾಡಿದರು.

ನನ್ನನ್ನು ಹಿಡಿದು ನಿಲ್ಲಿಸಿದ್ದು 'ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ' ಸರಣಿ. 2000ದಿಂದ 2004ರವರೆಗೆ ಫೋಟೋಗ್ರಾಫರ್ ಕ್ಲೇರ್ ಆರ್ನಿ ಜೊತೆ ಮಾಡಿದ್ದು. ರವಿವರ್ಮನ ಲಕ್ಷ್ಮಿ, ಬಿಜಾಪುರ ಸುಲ್ತಾನರ ಕಾಲದ ಚಿತ್ರದ ಯೋಗಿನಿ, ವೇಳಾಂಗಣಿ ಮಾತೆ, ಪೊಲೀಸರು ಹಿಡಿದ ಹೆಂಗಸು, ಸಿನಿಮಾ ನಾಯಕಿ, ಎಲ್ಲರೂ ಪುಷ್ಪಮಾಲಾ ಅವರೇ. 'ಇದು ಸುಮ್ನೆ ಫ್ಯಾನ್ಸಿ ಡ್ರೆಸ್ ತರಹ ಇದೆ' ಅಂದರು ಜೊತೆಗೆ ಬಂದಿದ್ದ ಗೆಳತಿ. ನನಗೆ ಹಾಗನ್ನಿಸಲಿಲ್ಲ. ಇದೇ ನೆಲದಲ್ಲಿ ಹುಟ್ಟಿದ ಹೆಣ್ಣುಮಗಳು 'ದಕ್ಷಿಣ ಭಾರತದ ಹೆಣ್ಣು' ಅನ್ನಿಸಿಕೊಳ್ಳೋಕೆ ಮತ್ತೆ ವೇಷ ಹಾಕಬೇಕಾ? ಈ ಪ್ರಶ್ನೆ ಇನ್ನೂ ನನ್ನನ್ನು ಬಿಟ್ಟಿಲ್ಲ.

ಕಣ್ಣು ಮುಚ್ಚಿ ಲಕ್ಷ್ಮಿಯನ್ನು ನೆನೆಸಿಕೊಳ್ಳಿ. ಕಮಲದ ಮೇಲೆ ನಿಂತ, ಸೀರೆ ಉಟ್ಟ, ನಾಲ್ಕು ಕೈಯ ಲಕ್ಷ್ಮಿ ಬಂದಳಾ? ಆ ರೂಪವನ್ನು ನಮ್ಮ ಹಿರಿಯರ ದೇವರ ಮನೆಗೆ ತಂದು ಕೂರಿಸಿದ್ದು 1894ರಲ್ಲಿ ಮುಂಬೈಯಲ್ಲಿ ಶುರುವಾದ ರವಿವರ್ಮನ ಪ್ರೆಸ್ಸು. ಅದರಿಂದ ನಮ್ಮ ಭಕ್ತಿ ಸುಳ್ಳಾಗುವುದಿಲ್ಲ. ಆದರೆ 'ಅನಾದಿ ಕಾಲದಿಂದ ಹೀಗೇ ಇತ್ತು' ಅಂತ ಜಗಳಕ್ಕೆ ನಿಲ್ಲುವ ಮುಂಚೆ ಇದು ಗೊತ್ತಿರಬೇಕು.

ಒಂದು ಫೋಟೋ ಮಾತ್ರ ಜಾಸ್ತಿ ಹೊತ್ತು ನೋಡೋಕೆ ಆಗಲಿಲ್ಲ. ಹಿಂದೆ ಚೌಕುಳಿ ಹಲಗೆ, ಮುಂದೆ ನೀಲಗಿರಿಯ ತೋಡ ಬುಡಕಟ್ಟಿನ ಹೆಣ್ಣಾಗಿ ಅವರು. 19ನೇ ಶತಮಾನದ ಬ್ರಿಟಿಷರು ಬುಡಕಟ್ಟು ಜನರನ್ನು ಇಂಥ ಚೌಕಗಳ ಮುಂದೆ ನಿಲ್ಲಿಸಿ ಮೈಯ ಅಳತೆ ಹಿಡಿಯುತ್ತಿದ್ದರು. ನಿಂತವರ ಹೆಸರು ಎಷ್ಟೋ ಸಲ ಬರೆದುಕೊಳ್ಳಲೂ ಇಲ್ಲ, 'ಇಂಥ ಜಾತಿಯ ಮಾದರಿ' ಅಂದರು, ಮುಗಿಯಿತು. ಆ ಜಾಗದಲ್ಲಿ ಹೆಸರಿರುವ, ನಮ್ಮ ಊರಿನ ಕಲಾವಿದೆ ಬಂದು ನಿಂತಾಗ ಹೊಟ್ಟೆಯಲ್ಲಿ ಏನೋ ಹಿಂಡಿದ ಹಾಗಾಯಿತು.

ಇವರ ಕೆಲಸ ನಮ್ಮ ಮಕ್ಕಳಿಗೆ ಪಠ್ಯದಲ್ಲೇ ಸಿಗಬೇಕು ಅಂತ ನನ್ನ ಆಸೆ.

ಮನೆಗೆ ಬಂದು ದೊಡ್ಡತ್ತೆಗೆ ಫೋನ್ ಮಾಡಿದೆ. ಅಜ್ಜಿಯ ಕೈಯಲ್ಲಿರುವ ವಾಚು ಯಾರದು ಅಂತ ಕೇಳಿದೆ. 'ಅದು ಸ್ಟುಡಿಯೋದವರದ್ದು ಕಣೇ, ಫೋಟೋ ಆದ ಮೇಲೆ ಬಿಚ್ಚಿ ಕೊಟ್ಟಳಂತೆ' ಅಂದರು. ಮತ್ತೆ ಫೋಟೋ ತೆಗೆದು ನೋಡಿದೆ. ಹದಿನೇಳು ವರ್ಷದ ಹುಡುಗಿ. ವಾಚು ಚೆನ್ನಾಗಿ ಕಾಣಲಿ ಅಂತ ಎಡಗೈಯನ್ನು ಸ್ವಲ್ಪ ಮುಂದೆ ಇಟ್ಟುಕೊಂಡಿದ್ದಾರೆ.